ಆರ್ಥ್ರೋಪಥಿ, ಆರ್ಥ್ರೈಟಿಸ್, ಆರ್ಥ್ರಾಲ್ಜಿಯಾ: ಮೂರಕ್ಕೂ ‘ಸಂಧಿವಾತ’ ಅಂದರೆ ನಡೆಯುತ್ತಾ?

ಪದಹುಡುಕ
ರೋಗಿಗಳಿಗೆ ಕೊಡುವ ಮಾಹಿತಿ ಪತ್ರವೊಂದನ್ನು ಕನ್ನಡಕ್ಕೆ ತರ್ತಿದ್ದೀನಿ. ಒಂದು ವಾಕ್ಯದ ಹತ್ತಿರ ಗಾಡಿ ನಿಂತುಬಿಟ್ಟಿದೆ. ಅದರ ತಿರುಳು ಇಷ್ಟು: ಆರ್ಥ್ರಾಲ್ಜಿಯಾ ಇರೋ ಎಲ್ಲರಿಗೂ ಆರ್ಥ್ರೈಟಿಸ್ ಇರಲ್ಲ, ಆರ್ಥ್ರೋಪಥಿ ಇದ್ದೂ ಕೆಲವರಿಗೆ ನೋವೇ ಇರಲ್ಲ. ನನ್ನ ಹತ್ತಿರ ಇರೋ ನಿಘಂಟಿನಲ್ಲಿ ಮೂರಕ್ಕೂ ಹೆಚ್ಚುಕಮ್ಮಿ ‘ಸಂಧಿವಾತ, ಕೀಲುಬೇನೆ’ ಅಂತಲೇ ಅರ್ಥ ಕೊಟ್ಟಿದ್ದಾರೆ. ಅದನ್ನೇ ಇಟ್ಟರೆ ‘ಸಂಧಿವಾತ ಇರುವ ಎಲ್ಲರಿಗೂ ಸಂಧಿವಾತ ಇರುವುದಿಲ್ಲ’ ಅಂತಾಗುತ್ತೆ. ಓದಿದವರು ನನ್ನ ತಲೆ ಸ್ಕ್ಯಾನ್ ಮಾಡಿಸ್ತಾರೆ.

ಆರ್ಥ್ರೈಟಿಸ್ ಕೇಳಿ ಗೊತ್ತಿರೋ ಪದ. ಆರ್ಥ್ರೋಪಥಿ ಅಂದರೆ ಸರಿಯಾಗಿ ಏನು? ಅದರದ್ದೇ ಇನ್ನೊಂದು ಹೆಸರಾ, ಅದಕ್ಕಿಂತ ದೊಡ್ಡದಾ, ಚಿಕ್ಕದಾ?

ಎಲುಬಿಲ್ಲದ ನಾಲಿಗೆ
ಹೋಮಿಯೋಪಥಿ, ನ್ಯಾಚುರೋಪಥಿ ಸಾಲಲ್ಲಿ ಇದೂ ಒಂದು ಚಿಕಿತ್ಸಾ ಪದ್ಧತಿ ಅಲ್ವಾ? ಕೀಲಿಗೆ ಅಂತಲೇ ಇರೋದು?

ನಿವೃತ್ತ ಮೇಷ್ಟ್ರು
ಅಲ್ಲ. ಆದರೆ ಪ್ರಶ್ನೆ ಒಳ್ಳೆಯದು, ನಗುವವರು ನಗಲಿ. ಎರಡೂ ಕಡೆ ಇರುವುದು ಗ್ರೀಕಿನ ‘ಪಾಥೋಸ್’. ನರಳಿಕೆ, ಬೇನೆ ಎಂದು ಅದರ ಅರ್ಥ. ರೋಗದಂಥದ್ದೇ ಲಕ್ಷಣ ಹುಟ್ಟಿಸುವ ವಸ್ತುವಿನಿಂದ ರೋಗಕ್ಕೆ ಮದ್ದು ಎಂಬ ತನ್ನ ತತ್ವಕ್ಕೆ ಹಾನಿಮನ್ ಹೋಮಿಯೋಪಥಿ ಎಂದು ಹೆಸರಿಟ್ಟ; ಅಲೋಪಥಿ ಎಂಬುದನ್ನೂ ಅವನೇ ಟಂಕಿಸಿದ. ಅಲ್ಲಿಂದಾಚೆಗೆ ‘ಪಥಿ’ ಎಂದರೆ ಪದ್ಧತಿ ಎಂಬ ಭಾವನೆ ಬೇರೂರಿತು. ಜೊತೆಗೆ ನಮ್ಮ ಕಿವಿಗೆ ಸಂಸ್ಕೃತದ ‘ಪಥ’ವೂ ಕೇಳಿಸುತ್ತದೆ. ಆ ಪಥಕ್ಕೂ ಈ ಪಥಿಗೂ ಸಂಬಂಧವಿಲ್ಲ.

ಅಂಗದ ಹೆಸರಿಗೆ ‘ಪಥಿ’ ಅಂಟಿದರೆ ಆ ಅಂಗಕ್ಕೆ ಕಾಯಿಲೆ ಎಂದರ್ಥ. ಸಕ್ಕರೆ ಕಾಯಿಲೆಯವರು ಕೇಳಿರುವ ನ್ಯೂರೋಪಥಿ, ರೆಟಿನೋಪಥಿ, ನೆಫ್ರೋಪಥಿ ಎಲ್ಲ ಹೀಗೇ: ನರದ್ದು, ಅಕ್ಷಿಪಟಲದ್ದು, ಮೂತ್ರಪಿಂಡದ್ದು. ‘ಆರ್ಥ್ರಾನ್’ ಎಂದರೆ ಕೀಲು. ಆರ್ಥ್ರೋಪಥಿ ಎಂದರೆ ಕೀಲಿನ ಕಾಯಿಲೆ, ಯಾವುದೇ ಕಾರಣದ್ದಾಗಿರಲಿ. ‘ಆಲ್ಗೋಸ್’ ಎಂದರೆ ನೋವು, ಹಾಗಾಗಿ ಆರ್ಥ್ರಾಲ್ಜಿಯಾ ಬರೀ ಕೀಲುನೋವು. ‘ಐಟಿಸ್’ ಬಂದರೆ ಉರಿಯೂತ, ಅಂದರೆ ಕೆಂಪಾಗಿ, ಬಿಸಿಯಾಗಿ, ಊದಿಕೊಂಡು ನೋಯುವುದು.

ಇನ್ನೊಂದು ಸ್ವಾರಸ್ಯ. ಈ ‘ಐಟಿಸ್’ ಮೂಲದಲ್ಲಿ ಬರೀ ವಿಶೇಷಣದ ಪ್ರತ್ಯಯ. ಗ್ರೀಕರು ‘ಆರ್ಥ್ರೈಟಿಸ್ ನೋಸೋಸ್’ ಎನ್ನುತ್ತಿದ್ದರು, ಅಂದರೆ ‘ಕೀಲಿಗೆ ಸಂಬಂಧಿಸಿದ ರೋಗ’. ನೋಸೋಸ್ ಬಿದ್ದುಹೋಗಿ ಆರ್ಥ್ರೈಟಿಸ್ ಉಳಿಯಿತು. ಪ್ರತ್ಯಯಕ್ಕೆ ಉರಿಯೂತದ ಅರ್ಥ ಬಹಳ ತಡವಾಗಿ ಅಂಟಿಕೊಂಡಿತು. ಇಂದು ಆರ್ಥ್ರೋಪಥಿ ಹೇಳುವುದನ್ನು ಒಂದು ಕಾಲಕ್ಕೆ ಆರ್ಥ್ರೈಟಿಸ್ಸೇ ಹೇಳುತ್ತಿತ್ತು.

ಡಾಕ್ಟ್ರಮ್ಮ
ಮೇಷ್ಟ್ರೇ, ಪದದ ಹುಟ್ಟು ಸರಿಯಾಗಿ ಹೇಳಿದ್ದೀರಿ. ಆಸ್ಪತ್ರೆಯ ಬಳಕೆ ಸ್ವಲ್ಪ ಅಡ್ಡಾದಿಡ್ಡಿ. ನಾನು ರುಮಟಾಲಜಿಯಲ್ಲಿ, ಅಂದರೆ ಕೀಲು ಕಾಯಿಲೆಗಳ ವಿಭಾಗದಲ್ಲಿ ಇರೋಳು, ದಿನಾ ಈ ಪದ ಎರಡು ಅರ್ಥದಲ್ಲಿ ಕಿವಿಗೆ ಬೀಳುತ್ತೆ.

ಒಂದು, ಅಗಲವಾದ ಅರ್ಥ. ಕೀಲಿನ ಯಾವ ಕಾಯಿಲೆಯಾದರೂ ಆರ್ಥ್ರೋಪಥಿ, ಆರ್ಥ್ರೈಟಿಸ್ ಅದರೊಳಗೆ ಒಂದು ಭಾಗ. ವಿಶ್ವ ಆರೋಗ್ಯ ಸಂಸ್ಥೆಯ ರೋಗ ವರ್ಗೀಕರಣದ ಹತ್ತನೇ ಆವೃತ್ತಿ ಇದೇ ದಾರಿ ಹಿಡಿದಿದೆ. ಅಲ್ಲಿ ಎಂ00ರಿಂದ ಎಂ25ರವರೆಗಿನ ಇಡೀ ಗುಂಪಿನ ಹೆಸರೇ ಆರ್ಥ್ರೋಪಥಿಗಳು. ಸೋಂಕಿನವು, ಉರಿಯೂತದವು, ಸವೆತದವು ಎಲ್ಲ ಅದರ ಹೊಟ್ಟೆಯಲ್ಲೇ. ದೇಹದ ರಕ್ಷಣಾ ವ್ಯವಸ್ಥೆಯೇ ಕೀಲಿನ ಮೇಲೆ ತಿರುಗಿ ಬೀಳೋ ರುಮಟಾಯ್ಡ್ ಆರ್ಥ್ರೈಟಿಸ್ಸೂ ಅಲ್ಲೇ, ಗೌಟೂ ಅಲ್ಲೇ.

ಇನ್ನೊಂದು, ಕಿರಿದಾದ ಅರ್ಥ. ಕೆಲವರು ಆರ್ಥ್ರೈಟಿಸ್‌ಗೆ ಎದುರಾಗಿ ಇದನ್ನು ಬಳಸ್ತಾರೆ: ಕೀಲು ಕೆಟ್ಟಿದೆ, ಆದರೆ ಉರಿಯೂತ ಮುಖ್ಯ ಕಾರಣ ಅಲ್ಲ, ಅಥವಾ ಇದೆಯೋ ಇಲ್ಲವೋ ಇನ್ನೂ ಗೊತ್ತಿಲ್ಲ. ಸ್ಕ್ಯಾನ್ ಓದುವ ರೇಡಿಯಾಲಜಿಸ್ಟ್‌ಗಳು ಹೆಚ್ಚಾಗಿ ಈ ಎಚ್ಚರದಿಂದಲೇ ಬರೀತಾರೆ. ಚಿತ್ರದಲ್ಲಿ ಕೀಲು ಕೆಟ್ಟಿರೋದು ಕಾಣುತ್ತೆ, ಯಾಕೆ ಕೆಟ್ಟಿತು ಅನ್ನೋದು ಯಾವಾಗಲೂ ಕಾಣಲ್ಲ.

ಈ ಕಿರಿದಾದ ಅರ್ಥವನ್ನು ನಿಯಮ ಅಂತ ಹಿಡಿದರೆ ‘ಇನ್‌ಫ್ಲಮೇಟರಿ ಆರ್ಥ್ರೋಪಥಿ’ ಅನ್ನೋ ದಿನಬಳಕೆಯ ಮಾತಿಗೆ ಅರ್ಥವೇ ಇರಲ್ಲ. ಆದ್ದರಿಂದ ನನ್ನ ಮಟ್ಟಿಗೆ ಅಗಲವಾದ ಅರ್ಥವೇ ಸರಿ. ಆ ಪದ ‘ಎಲ್ಲಿ’ ಅಂತ ಮಾತ್ರ ಹೇಳುತ್ತೆ. ‘ಯಾಕೆ’ ಅಂತ ಹೇಳೋದು ಅದರ ಹಿಂದೆ ಕೂತಿರೋ ವಿಶೇಷಣ. ವಿಶೇಷಣ ಇಲ್ಲದ ಆರ್ಥ್ರೋಪಥಿ ‘ಹಕ್ಕಿ’ ಅಂದ ಹಾಗೆ. ಕಾಗೆಯೋ ಗಿಳಿಯೋ ಇನ್ನೂ ಹೇಳಿಲ್ಲ.

ಪದಹುಡುಕ
ಆ ವಿಶೇಷಣಗಳನ್ನೇ ಒಂದಷ್ಟು ಬಿಡಿಸಿ ಹೇಳ್ತೀರಾ ಡಾಕ್ಟ್ರಮ್ಮ? ಪತ್ರದಲ್ಲಿ ‘ಕ್ರಿಸ್ಟಲ್’ ಅಂತ ಒಂದು ಇದೆ, ‘ಶಾರ್ಕೋ’ ಅಂತ ಒಂದು ಇದೆ.

ಡಾಕ್ಟ್ರಮ್ಮ
ಕ್ರಿಸ್ಟಲ್ ಆರ್ಥ್ರೋಪಥಿ ಅಂದರೆ ಕೀಲಿನೊಳಗೆ ಹರಳು ಕೂತು ಬರುವ ಕಾಯಿಲೆ. ಯೂರಿಕ್ ಆಮ್ಲದ ಉಪ್ಪಿನ ಹರಳಾದರೆ ಗೌಟ್, ಕ್ಯಾಲ್ಸಿಯಂ ಪೈರೋಫಾಸ್ಫೇಟ್ ಹರಳಾದರೆ ಹಿಂದೆ ಸ್ಯೂಡೋಗೌಟ್ ಅಂತಿದ್ದರು. ಹೊರಗಿಂದ ನೋಡಿದರೆ ಎರಡೂ ಒಂದೇ ಥರ: ಕೀಲು ಕೆಂಪಾಗಿ, ಊದಿ, ಮುಟ್ಟಿದರೆ ಪ್ರಾಣ ಹೋಗೋ ನೋವು. ಸೂಜಿ ಹಾಕಿ ಕೀಲಿನ ದ್ರವ ತೆಗೆದು ಧ್ರುವೀಕೃತ ಬೆಳಕಿನ ಸೂಕ್ಷ್ಮದರ್ಶಕದಲ್ಲಿ ಇಟ್ಟರೆ ಗೌಟಿನ ಹರಳು ಸೂಜಿಯ ಹಾಗೆ, ಇನ್ನೊಂದು ಮೊಂಡು ವಜ್ರಾಕೃತಿಯ ಹಾಗೆ ಕಾಣುತ್ತೆ. ಮಕಾರ್ಟಿ ಮತ್ತು ಹೊಲಾಂಡರ್ 1961ರಲ್ಲಿ ಈ ಪರೀಕ್ಷೆ ತೋರಿಸಿಕೊಟ್ಟರು, ಈಗಲೂ ಅದಕ್ಕಿಂತ ಗಟ್ಟಿ ಸಾಕ್ಷಿ ಇಲ್ಲ. ಹರಳಿಂದ ಉರಿಯೂತ ಧಾರಾಳವಾಗಿ ಏಳುತ್ತೆ, ಆದರೂ ಗುಂಪಿನ ಹೆಸರಲ್ಲಿ ‘ಪಥಿ’ ಇದೆ. ಹಾಗಾಗಿ ‘ಪಥಿ ಅಂದರೆ ಉರಿಯೂತ ಇಲ್ಲದ್ದು’ ಅಂತ ಯಾರಾದರೂ ಹೇಳಿದರೆ ಗೌಟ್ ಬಂದವರ ಹೆಬ್ಬೆರಳು ತೋರಿಸಿ.

ಶಾರ್ಕೋ ಬಗ್ಗೆ ಸ್ವಲ್ಪ ಹೆಚ್ಚು ಬರೀತೀನಿ, ಇದು ತಪ್ಪಿಹೋದರೆ ಪಾದವೇ ಹೋಗಬಹುದು. ಫ್ರಾನ್ಸಿನ ನರವೈದ್ಯ ಶಾರ್ಕೋ 1868ರಲ್ಲಿ ಬೆನ್ನುಹುರಿಗೆ ಸಿಫಿಲಿಸ್ ಹತ್ತಿದ ರೋಗಿಗಳಲ್ಲಿ ಕೀಲು ಪುಡಿಪುಡಿಯಾಗಿ, ನೋವು ಅಷ್ಟಾಗಿ ಇಲ್ಲದ್ದನ್ನು ವರ್ಣಿಸಿದರು. 1936ರಲ್ಲಿ ಜೋರ್ಡನ್ ಅನ್ನೋ ವೈದ್ಯರು ಇದೇ ಸಂಗತಿಯನ್ನು ಸಕ್ಕರೆ ಕಾಯಿಲೆಗೆ ತಳುಕು ಹಾಕಿದರು. ಇವತ್ತು ಇದಕ್ಕೆ ಅತಿ ಸಾಮಾನ್ಯ ಕಾರಣ ಸಕ್ಕರೆ ಕಾಯಿಲೆಯೇ. ನರ ಸತ್ತ ಪಾದಕ್ಕೆ ನೋವಿನ ಎಚ್ಚರಿಕೆ ಮುಟ್ಟಲ್ಲ. ಸಣ್ಣ ಮೂಳೆ ಬಿರುಕು ಬಿಟ್ಟರೂ ಮನುಷ್ಯ ಅದರ ಮೇಲೇ ನಡೀತಾನೆ, ಕೀಲುಗಳು ಕುಸೀತಾವೆ, ಪಾದದ ಕಮಾನು ಬಿದ್ದುಹೋಗಿ ಅಡಿ ಹೊರಗೆ ಉಬ್ಬುತ್ತೆ. ನಿಮ್ಮ ವಾಕ್ಯದಲ್ಲಿ ‘ನೋವೇ ಇರಲ್ಲ’ ಅಂತ ಇರೋದು ಇಂಥದ್ದಕ್ಕೇ.

ಮುಂಜಾನೆ ಮಂಜು
ಡಾಕ್ಟ್ರಮ್ಮ, ಮಧ್ಯೆ ಬಾಯಿ ಹಾಕ್ತೀನಿ. ನಮ್ಮ ಅತ್ತೆಗೆ ಶುಗರ್ ಬಂದು ಬಹಳ ವರ್ಷ ಆಯ್ತು. ಪಾದ ಒಂದು ವಾರದಿಂದ ಊದಿದೆ, ಇನ್ನೊಂದಕ್ಕಿಂತ ಬಿಸಿ ಇದೆ. ನೋವಿಲ್ಲ ಅಂತ ಓಡಾಡ್ತಾನೇ ಇದ್ದಾರೆ. ಎಲ್ಲೋ ಉಳುಕಿರಬೇಕು ಅಂತ ನಾವೂ ಸುಮ್ಮನಿದ್ದೀವಿ.

ಡಾಕ್ಟ್ರಮ್ಮ
ಇವತ್ತೇ ತೋರಿಸಿ. ತೋರಿಸೋವರೆಗೂ ಆ ಕಾಲನ್ನು ಊರೋದು ಬೇಡ. ಇದು ಸೋಂಕೂ ಆಗಿರಬಹುದು, ರಕ್ತ ಹೆಪ್ಪುಗಟ್ಟಿದ್ದೂ ಆಗಿರಬಹುದು, ಶಾರ್ಕೋ ಕೂಡ ಆಗಿರಬಹುದು. ಇಲ್ಲಿ ಕೂತು ಹೇಳೋಕೆ ಬರಲ್ಲ. ‘ಶುಗರ್ ಇದೆ, ಒಂದೇ ಪಾದ ಬಿಸಿಯಾಗಿ ಊದಿದೆ, ನೋವಿಲ್ಲ’ ಅಂತ ಇದೇ ಮಾತಲ್ಲಿ ಹೇಳಿ. ಶುರುವಿನಲ್ಲಿ ಎಕ್ಸ್‌ರೇ ಸರಿಯಾಗೇ ಕಾಣಬಹುದು, ಅದನ್ನೇ ನಂಬಿ ವಾಪಸ್ ಬರಬೇಡಿ. ಶಾರ್ಕೋ ಅಂತಾದರೆ ಪೂರ್ತಿ ಪಾದಕ್ಕೆ ಅಂಟಿಕೊಳ್ಳೋ ಹಾಗೆ ಕಟ್ಟು ಹಾಕಿ, ಭಾರ ಬೀಳದ ಹಾಗೆ ತಿಂಗಳುಗಟ್ಟಲೆ ಕಾಪಾಡಬೇಕಾಗುತ್ತೆ.

ಮುಂಜಾನೆ ಮಂಜು
ಹೊರಟ್ವಿ.

ನೇರನುಡಿ
ಇಷ್ಟೆಲ್ಲ ಯಾಕ್ರೀ? ಓದುವ ರೋಗಿಗೆ ಗ್ರೀಕೂ ಬೇಡ, ಹರಳೂ ಬೇಡ. ‘ಸಂಧಿವಾತ’ ಅಂದರೆ ಎಲ್ಲರಿಗೂ ಅರ್ಥ ಆಗತ್ತ. ಮಂಡಿ ನೋವಿಗೂ ಅದೇ, ಬೆರಳು ಸೊಟ್ಟ ಆದರೂ ಅದೇ. ಪದ ಸರಳ ಇರಲಿ ಬಿಡ್ರಿ. ಅನುವಾದಕರು ತಲಿ ಕೆಡಿಸ್ಕೊಂಡು ಹೊಸ ಪದ ಟಂಕಿಸಿ, ಕೊನೀಗೆ ಯಾರಿಗೂ ತಿಳೀದ ಹಾಗೆ ಮಾಡ್ತಾರ.

ಬಲಮಂಡಿ
ನೇರನುಡಿ ಅವರೇ, ನನ್ನ ಮಂಡಿಗೆ ಇರೋ ಹೆಸರು ಹಿಮೋಫಿಲಿಕ್ ಆರ್ಥ್ರೋಪಥಿ. ಹಿಮೋಫಿಲಿಯಾ ಎ, ಅಂದರೆ ರಕ್ತ ಹೆಪ್ಪುಗಟ್ಟಲು ಬೇಕಾದ ಎಂಟನೇ ಅಂಶದ ಕೊರತೆ. ಚಿಕ್ಕಂದಿನಿಂದ ಮಂಡಿಯೊಳಗೆ ಮತ್ತೆ ಮತ್ತೆ ರಕ್ತ ಸುರಿದಿದೆ. ಆ ರಕ್ತದ ಕಬ್ಬಿಣ ಕೀಲಿನ ಒಳಪೊರೆಯಲ್ಲಿ ಕೂತು, ಪೊರೆ ದಪ್ಪವಾಗಿ, ದಪ್ಪವಾದ ಪೊರೆ ಇನ್ನೂ ಸುಲಭವಾಗಿ ರಕ್ತ ಸುರಿಸಿ, ಕೊನೆಗೆ ಮೃದ್ವಸ್ಥಿ (ಕೀಲಿನಲ್ಲಿ ಮೂಳೆ ತುದಿಯ ನುಣುಪು ಹೊದಿಕೆ) ಸವೆದುಹೋಯ್ತು.

ಇದನ್ನು ಸಂಧಿವಾತ ಅಂತ ಬರೆದುಕೊಟ್ಟರೆ ಏನಾಗುತ್ತೆ ಹೇಳ್ತೀನಿ. ಸಂಧಿವಾತ ಅಂದ ಕೂಡಲೇ ಎದುರಿಗಿರೋರು ‘ಚೆನ್ನಾಗಿ ತಿಕ್ಕಿಸು, ಈ ನೋವಿನ ಮಾತ್ರೆ ತಗೋ’ ಅಂತಾರೆ. ನಮ್ಮಂಥವರಿಗೆ ಆಸ್ಪಿರಿನ್ ಮುಟ್ಟೋ ಹಾಗಿಲ್ಲ, ಅದೇ ಜಾತಿಯ ಎಷ್ಟೋ ನೋವಿನ ಮಾತ್ರೆಗಳೂ ವರ್ಜ್ಯ, ರಕ್ತಸ್ರಾವ ಹೆಚ್ಚುತ್ತೆ. ಜೋರಾಗಿ ತಿಕ್ಕಿದರೆ ಮತ್ತೆ ರಕ್ತ. ನಿಮಗೆ ಸರಳವಾದ ಪದ ನನ್ನನ್ನು ಆಸ್ಪತ್ರೆಗೆ ಸೇರಿಸುತ್ತೆ.

ಡಾಕ್ಟ್ರಮ್ಮ
ಇದಕ್ಕಿಂತ ಚೆನ್ನಾಗಿ ನಾನು ಹೇಳಲಾರೆ. ಒಂದು ಸಣ್ಣ ಸೇರ್ಪಡೆ: ಹತ್ತನೇ ವರ್ಗೀಕರಣದಲ್ಲಿ ಹಿಮೋಫಿಲಿಕ್ ಆರ್ಥ್ರೋಪಥಿ ಆ ಎಂ00–ಎಂ25 ಗುಂಪಿನಲ್ಲಿ ಇಲ್ಲ, ಎಂ36.2ರಲ್ಲಿ ಬೇರೆ ಕೂತಿದೆ. ಮೂಲ ಕಾಯಿಲೆ ರಕ್ತದ್ದು ಅಂತ.

ನೇರನುಡಿ ಅವರಿಗೆ ಇನ್ನೊಂದು ಮಾತು. ‘ಸಂಧಿವಾತ’ ಅನ್ನೋದರ ದೊಡ್ಡ ತೊಂದರೆ ಅದರ ಜೊತೆ ಬರೋ ‘ವಯಸ್ಸಾದ ಮೇಲೆ ಇದ್ದದ್ದೇ’ ಅನ್ನೋ ಭಾವನೆ. ಮೂವತ್ತರ ಹೆಂಗಸು ಬೆಳಿಗ್ಗೆ ಎದ್ದಾಗ ಒಂದು ಗಂಟೆ ಹೊತ್ತು ಕೈಬೆರಳು ಮಡಚೋಕೆ ಆಗಲ್ಲ ಅಂತಾಳೆ. ಎರಡೂ ಕೈಯ ಗೆಣ್ಣು ಊದಿರುತ್ತೆ. ಮನೆಯವರು ಸಂಧಿವಾತ ಅಂತ ಎಣ್ಣೆ ಹಚ್ಚಿ ಒಂದು ವರ್ಷ ಕಳೀತಾರೆ. ರುಮಟಾಯ್ಡ್ ಆರ್ಥ್ರೈಟಿಸ್ಸಲ್ಲಿ ಆ ಮೊದಲ ವರ್ಷವೇ ಚಿನ್ನದಂಥ ಕಾಲ. ಮೆಥೊಟ್ರೆಕ್ಸೇಟ್‌ನಂಥ ಔಷಧ ಬೇಗ ಶುರು ಮಾಡಿದರೆ ಕೀಲು ಉಳಿಯುತ್ತೆ. (ಅದು ವಾರಕ್ಕೊಮ್ಮೆ ನುಂಗುವ ಮಾತ್ರೆ, ದಿನಾ ಅಲ್ಲ. ಪತ್ರದಲ್ಲಿ ಅದರ ಹೆಸರು ಬಂದರೆ ಇದನ್ನು ದಪ್ಪ ಅಕ್ಷರದಲ್ಲಿ ಹಾಕಿ, ದಿನಾ ನುಂಗಿ ಸತ್ತವರಿದ್ದಾರೆ.) ಇದೇ ಮಾತು ಮಂಡಿ ಸವೆತಕ್ಕೆ ಅನ್ವಯಿಸಲ್ಲ. ಅಲ್ಲಿ ತೊಡೆಯ ಸ್ನಾಯುವಿಗೆ ಬಲ ತರೋ ವ್ಯಾಯಾಮ, ತೂಕ ಇಳಿಸೋದು, ನೋವು ಮೀರಿದರೆ ಬದಲಿ ಮಂಡಿ. ಹೆಸರು ಒಂದೇ ಆದರೆ ದಾರಿಯೂ ಒಂದೇ ಅಂತ ಜನ ಅಂದ್ಕೋತಾರೆ.

ಒಂದೇ ಕೀಲು ದಿಢೀರ್ ಅಂತ ಊದಿ ಜ್ವರ ಬಂದರೆ ಕೀವು ತುಂಬಿರಬಹುದು, ಮೃದ್ವಸ್ಥಿ ಕೆಲವೇ ದಿನಗಳಲ್ಲಿ ಹಾಳಾಗುತ್ತೆ. ಅದೂ ‘ಐಟಿಸ್ಸೇ’, ಸೆಪ್ಟಿಕ್ ಆರ್ಥ್ರೈಟಿಸ್. ಅದನ್ನೂ ಸಂಧಿವಾತ ಅನ್ನೋಣವಾ?

ನೇರನುಡಿ
ಬಲಮಂಡಿ ಅವರ ಮಾತು ತಟ್ಟಿತು. ಆದರೂ ನನ್ನ ವಾದ ಪೂರ್ತಿ ಬಿದ್ದಿಲ್ಲ. ಹೆಸರು ಬ್ಯಾರೆ ಬ್ಯಾರೆ ಇರಲಿ, ಒಪ್ಪಿದೆ. ತಿಳಿಯೋ ಹೆಸರು ಇರಲಿ ಅಂತ ಹಟ.

ಚರಕದ ಪುಟ
ಆಯುರ್ವೇದ ಓದುತ್ತಿರುವವಳು. ಸಂಧಿವಾತ ಎಂಬ ಪದಕ್ಕೆ ಇಲ್ಲಿ ಬಹಳ ಬೈಗುಳ ಬೀಳುತ್ತಿದೆ, ಅದರ ಪರವಾಗಿ ಎರಡು ಮಾತು. ಮೂಲದಲ್ಲಿ ಅದು ಎಲ್ಲವನ್ನೂ ತುಂಬಿಕೊಳ್ಳುವ ಚೀಲ ಆಗಿರಲೇ ಇಲ್ಲ. ಚರಕ ಸಂಹಿತೆಯಲ್ಲಿ ವಾತವ್ಯಾಧಿಗಳ ಅಧ್ಯಾಯದಲ್ಲಿ ‘ಸಂಧಿಗತ ಅನಿಲ’ ಎಂದು ಬರುತ್ತದೆ. ಗಾಳಿ ತುಂಬಿದ ತೊಗಲ ಚೀಲ ಮುಟ್ಟಿದಂತಿರುವ ಬಾವು, ಕೈಕಾಲು ಚಾಚುವಾಗ ಮಡಚುವಾಗ ನೋವು: ಇದು ಅದರ ಲಕ್ಷಣ. ಅದರ ಮುಂದಿನ ಅಧ್ಯಾಯವೇ ವಾತರಕ್ತ, ಅದು ಬೇರೆ ರೋಗ. ಅದಕ್ಕೆ ಆಢ್ಯವಾತ ಎಂದೂ ಹೆಸರಿದೆ, ಅಂದರೆ ಸಿರಿವಂತರ ವಾತ. ಇಂದು ಅದನ್ನು ಗೌಟಿನ ಜೊತೆ ಹೋಲಿಸುತ್ತಾರೆ. ಆಮವಾತವನ್ನು ಪ್ರತ್ಯೇಕ ರೋಗವಾಗಿ ವಿವರಿಸಿದ್ದು ಆಮೇಲಿನ ಗ್ರಂಥವಾದ ಮಾಧವನಿದಾನ; ಅದನ್ನು ರುಮಟಾಯ್ಡ್ ಜೊತೆ ಇಟ್ಟು ನೋಡುವುದು ರೂಢಿ. ಹೋಲಿಕೆ ಅಷ್ಟೆ, ಒಂದಕ್ಕೊಂದು ಸಮ ಎಂದು ನಾನು ಹೇಳುತ್ತಿಲ್ಲ.

ಅಂದರೆ ಹಳೆಯ ವೈದ್ಯರೇ ಮೂರು ಬೇರೆ ಹೆಸರಿಟ್ಟು, ಮೂರಕ್ಕೂ ಬೇರೆ ಚಿಕಿತ್ಸೆ ಹೇಳಿದ್ದರು. ಎಲ್ಲವನ್ನೂ ಕಲಸಿ ಸಂಧಿವಾತ ಮಾಡಿದ್ದು ಆಮೇಲಿನ ಆಡುಮಾತು, ಪತ್ರಿಕೆ, ಜಾಹೀರಾತು.

ಎಲುಬಿಲ್ಲದ ನಾಲಿಗೆ
ಸಂಧಿ ಅಂದರೆ ನನಗೆ ಈಗಲೂ ಲೋಪ, ಆಗಮ, ಆದೇಶವೇ ನೆನಪಾಗೋದು. ಮೃದ್ವಸ್ಥಿ ಹೋದರೆ ಲೋಪ, ನೀರು ತುಂಬಿದರೆ ಆಗಮ, ಬದಲಿ ಮಂಡಿ ಹಾಕಿದರೆ ಆದೇಶ. ಮುಗೀತು, ಬೇರೆ ಪದವೇ ಬೇಡ.

ನಿವೃತ್ತ ಮೇಷ್ಟ್ರು
ನನ್ನ ವಿದ್ಯಾರ್ಥಿಯಾಗಿದ್ದರೆ ಪೂರ್ಣಾಂಕ ಕೊಟ್ಟು ಹೊರಗೆ ನಿಲ್ಲಿಸುತ್ತಿದ್ದೆ.

ಬೆರಳಚ್ಚು
ಕಾಗುಣಿತದ ಕಡೆಯೂ ಗಮನ ಇರಲಿ. ಕನ್ನಡದಲ್ಲಿ ಬರೆದಾಗ ‘ಆರ್ಥೋ’ ಮತ್ತು ‘ಆರ್ಥ್ರೋ’ ನಡುವೆ ಒಂದು ರ-ಒತ್ತಷ್ಟೇ ವ್ಯತ್ಯಾಸ. ಆದರೆ ಅವು ಬೇರೆ ಬೇರೆ ಪದಗಳು. ಆರ್ಥೋಪೆಡಿಕ್ಸ್‌ನಲ್ಲಿರುವುದು ‘ಆರ್ಥೋಸ್’, ನೆಟ್ಟಗಿರುವುದು ಎಂದರ್ಥ. ಮಕ್ಕಳ ಮೈಯ ಸೊಟ್ಟ ತಿದ್ದುವ ಕಲೆ ಎಂಬ ಅರ್ಥದಲ್ಲಿ ನಿಕೋಲಾ ಆಂಡ್ರಿ 1741ರಲ್ಲಿ ಆ ಹೆಸರು ಕಟ್ಟಿದ. ಕೀಲು ಎನ್ನುವ ‘ಆರ್ಥ್ರೋ’ ಬರುವುದು ಆರ್ಥ್ರೋಸ್ಕೋಪಿ, ಆರ್ಥ್ರೋಪ್ಲಾಸ್ಟಿ ಇವುಗಳಲ್ಲಿ. ಒಂದು ಕೀಲಿನೊಳಗೆ ಕ್ಯಾಮೆರಾ ಹಾಕಿ ನೋಡುವುದು, ಇನ್ನೊಂದು ಕೀಲನ್ನೇ ಹೊಸದಾಗಿ ಕಟ್ಟುವುದು. ‘ಆರ್ಥೋಪಥಿ’ ಎಂದು ಬರೆದವರನ್ನು ನೋಡಿದ್ದೇನೆ. ‘ಆರ್ಥ್ರೋಪತಿ’ ಎಂದು ಮಹಾಪ್ರಾಣ ಬಿಟ್ಟವರನ್ನೂ ನೋಡಿದ್ದೇನೆ. ಆ ಪತಿ ಯಾರೋ, ಸತಿ ಯಾರೋ.

ವರದಿ ಹಿಡಿದವ
ನಮಸ್ಕಾರ, ಇಲ್ಲಿಗೆ ಹೊಸಬ. ಅಪ್ಪನಿಗೆ ಸೊಂಟನೋವು ಅಂತ ಎಂಆರ್‌ಐ ಮಾಡಿಸಿದ್ವಿ. ರಿಪೋರ್ಟಿನಲ್ಲಿ ‘ಎಲ್4–ಎಲ್5, ಎಲ್5–ಎಸ್1ರಲ್ಲಿ ಮೈಲ್ಡ್ ಫೆಸೆಟ್ ಆರ್ಥ್ರೋಪಥಿ’ ಅಂತಿದೆ. ಅಪ್ಪನ ವಯಸ್ಸು 61. ಹೆಸರು ನೋಡಿ ಮನೆಯಲ್ಲಿ ಎಲ್ಲರೂ ಗಾಬರಿ. ಬೆನ್ನಿನಲ್ಲಿ ಕೀಲು ಎಲ್ಲಿಂದ ಬಂತು? ಇದು ಏನು ರೋಗ?

ಡಾಕ್ಟ್ರಮ್ಮ
ಬೆನ್ನುಮೂಳೆಯ ಪ್ರತಿ ಎರಡು ಮಣಿಗಳ ನಡುವೆ ಮುಂದೆ ಡಿಸ್ಕ್ ಇರುತ್ತೆ, ಹಿಂದೆ ಎಡಕ್ಕೊಂದು ಬಲಕ್ಕೊಂದು ಪುಟ್ಟ ಕೀಲು ಇರುತ್ತೆ. ಅವೇ ಫೆಸೆಟ್ ಕೀಲುಗಳು. ಮಂಡಿಯಲ್ಲಿರೋ ಹಾಗೆ ಇವುಗಳಲ್ಲೂ ಮೃದ್ವಸ್ಥಿ, ಪೊರೆ, ದ್ರವ ಎಲ್ಲ ಉಂಟು. ಹಾಗಾಗಿ ಮಂಡಿಯ ಥರವೇ ಸವೀತಾವೆ. ರಿಪೋರ್ಟಿನ ಮಾತಿಗೆ ಕನ್ನಡ: ‘ಸೊಂಟದ ಕೆಳಭಾಗದ ಪುಟ್ಟ ಕೀಲುಗಳಲ್ಲಿ ಅಲ್ಪ ಸವೆತ’. 61ರ ವಯಸ್ಸಿಗೆ ಇದು ಬಹಳ ಸಾಮಾನ್ಯ, ಸೊಂಟನೋವೇ ಇಲ್ಲದವರಲ್ಲೂ ಸ್ಕ್ಯಾನ್ ಮಾಡಿದರೆ ಸಿಗುತ್ತೆ. ಅಪ್ಪನ ನೋವಿಗೆ ಇದೇ ಕಾರಣವೋ ಅಲ್ಲವೋ ಅಂತ ಚಿತ್ರ ಹೇಳಲ್ಲ, ಮೈ ಮುಟ್ಟಿ ನೋಡಿದವರು ಹೇಳಬೇಕು. ಕಾಲಿಗೆ ಬಲ ಕುಂದೋದು, ಗುದದ ಸುತ್ತ ಜೋಮು ಹಿಡಿಯೋದು, ಮೂತ್ರ ಕಟ್ಟೋದು ಇವು ಇಲ್ಲ ತಾನೆ?

ವರದಿ ಹಿಡಿದವ
ಅಂಥದ್ದೇನೂ ಇಲ್ಲ. ಬಗ್ಗಿ ಏಳುವಾಗ ಹಿಡ್ಕೊಳ್ಳುತ್ತೆ ಅಂತಾರೆ ಅಷ್ಟೆ.

ಡಾಕ್ಟ್ರಮ್ಮ
ಹಾಗಾದರೆ ಗಾಬರಿ ಬಿಡಿ, ಕಳಿಸಿದ ಡಾಕ್ಟರಿಗೆ ರಿಪೋರ್ಟು ತೋರಿಸಿ. ಮಲಗಿಸಿ ಇಡಬೇಡಿ, ಓಡಾಡಲಿ.

ಪದಹುಡುಕ
ಇಲ್ಲಿಯವರೆಗೆ ಸಿಕ್ಕಿದ್ದನ್ನು ಇಟ್ಟು ವಾಕ್ಯ ಹೀಗೆ ಮಾಡಿದ್ದೀನಿ: ‘ಕೀಲುನೋವು ಇರುವ ಎಲ್ಲರಿಗೂ ಕೀಲಿನ ಉರಿಯೂತ ಇರುವುದಿಲ್ಲ, ಕೀಲುರೋಗ ಇದ್ದೂ ಕೆಲವರಿಗೆ ನೋವು ತಿಳಿಯುವುದಿಲ್ಲ.’ ಆರ್ಥ್ರೋಸಿಸ್‌ಗೆ ‘ಕೀಲು ಸವೆತ’. ಮೊದಲ ಸಲ ಬಂದ ಕಡೆ ಕನ್ನಡದ ಪಕ್ಕ ಆಸ್ಪತ್ರೆಯ ಹೆಸರನ್ನೂ ಕನ್ನಡ ಲಿಪಿಯಲ್ಲಿ ಹಾಕ್ತೀನಿ, ರಿಪೋರ್ಟಿನ ಜೊತೆ ತಾಳೆ ನೋಡೋರಿಗೆ ಬೇಕಲ್ಲ. ಉರಿಯೂತಕ್ಕೆ ‘ಕೀಲೂತ’ ಅಂತ ಚಿಕ್ಕದು ಮಾಡಬಹುದು, ಆದರೆ ‘ಕೀಲು ಊತ’ ಅಂತ ಓದಿ ಬರೀ ಬಾವು ಅಂದ್ಕೊಂಡಾರು.

ಚರಕದ ಪುಟ
‘ಕೀಲುರೋಗ’ ಚೆನ್ನಾಗಿದೆ, ಆದರೆ ಮೇಲಿನ ಅಪ್ಪನಂಥವರಿಗೆ ‘ರೋಗ’ ಎಂಬುದು ಭಾರ. ಅಲ್ಪ ಸವೆತವನ್ನು ರೋಗ ಎಂದರೆ ಮನುಷ್ಯ ಅರ್ಧ ಹಾಸಿಗೆ ಹಿಡಿಯುತ್ತಾನೆ. ‘ಕೀಲಿನ ತೊಂದರೆ’ ಎಂದರೆ ಸಾಲದೆ?

ಬಲಮಂಡಿ
ನನ್ನದು ತೊಂದರೆ ಅಲ್ಲ, ರೋಗವೇ. ಹಗುರ ಮಾಡಬೇಡಿ.

ನಿವೃತ್ತ ಮೇಷ್ಟ್ರು
ಗುಂಪಿನ ಹೆಸರಿಗೆ ‘ಕೀಲುರೋಗ’ ಇರಲಿ. ಬಿಡಿ ಸಂದರ್ಭದಲ್ಲಿ ಕಾರಣ ಗೊತ್ತಿದ್ದರೆ ಕಾರಣದ ಹೆಸರನ್ನೇ ಮುಂದೆ ತನ್ನಿ: ಹರಳಿನ ಕೀಲುರೋಗ, ರಕ್ತಸ್ರಾವದ ಕೀಲುರೋಗ, ನರಗೇಡಿನ ಕೀಲುರೋಗ. ಸವೆತವಾದರೆ ಸವೆತ ಎಂದೇ ಬರೆಯಿರಿ. ಒಂದು ಪದಕ್ಕೆ ಎಲ್ಲೆಡೆಯೂ ಒಂದೇ ಪದ ಇಡಲೇಬೇಕೆಂಬ ಹಟ ನಿಘಂಟಿನವರಿಗೆ ಇರಲಿ, ರೋಗಿಗೆ ಬೇಡ.

ನೇರನುಡಿ
ಇದಕ್ಕ ನನ್ನ ಓಟು.

ಬೆರಳಚ್ಚು
ಡಾಕ್ಟ್ರಮ್ಮ, ಒಂದು ಸಂಶಯ. ರುಮಟಾಯ್ಡ್‌ನ ಮಾತು ಮಂಡಿ ಸವೆತಕ್ಕೆ ಅನ್ವಯಿಸುವುದಿಲ್ಲ ಅಂದಿರಿ, ಅಂದರೆ ಅಲ್ಲಿ ಉರಿಯೂತ ಮುಖ್ಯ ಅಲ್ಲ. ಹಾಗಾದರೆ ಅದಕ್ಕೆ ಆಸ್ಟಿಯೋ‘ಆರ್ಥ್ರೈಟಿಸ್’ ಎಂಬ ಹೆಸರು ಯಾಕೆ?

ಡಾಕ್ಟ್ರಮ್ಮ
ಹಳೇ ಜಗಳ ಇದು. ಜರ್ಮನ್ನರು ಈಗಲೂ ಸವೆತಕ್ಕೆ ಆರ್ಥ್ರೋಸೆ, ಉರಿಯೂತಕ್ಕೆ ಆರ್ಥ್ರೈಟಿಸ್ ಅಂತ ಬೇರೆಬೇರೆಯಾಗೇ ಕರೀತಾರೆ. ಹತ್ತನೇ ವರ್ಗೀಕರಣದಲ್ಲೂ ಎಂ15ರಿಂದ ಎಂ19ರ ಹೆಸರು ಆರ್ಥ್ರೋಸಿಸ್ಸೇ, ಮಂಡಿಯದ್ದು ಎಂ17. ಆದರೆ ಸವೆದ ಕೀಲಿನ ಪೊರೆಯಲ್ಲೂ ಸಣ್ಣ ಮಟ್ಟದ ಉರಿಯೂತ ಇರುತ್ತೆ ಅನ್ನೋದು ಗೊತ್ತಾಗ್ತಾ ಬಂದ ಮೇಲೆ ‘ಐಟಿಸ್’ ಅಷ್ಟೇನೂ ತಪ್ಪಲ್ಲ ಅನ್ನಿಸ್ತಿದೆ. 2022ರಿಂದ ಜಾರಿಯಲ್ಲಿರೋ ಹನ್ನೊಂದನೇ ಆವೃತ್ತಿಯಲ್ಲಿ ಆ ಭಾಗಕ್ಕೆ ಆಸ್ಟಿಯೋಆರ್ಥ್ರೈಟಿಸ್ ಅಂತಲೇ ಹೆಸರು.

ಉಲ್ಟಾ ದಿಕ್ಕಲ್ಲೂ ಹೀಗೇ ಆಗಿದೆ. ಹೆಚ್ಚಾಗಿ ಬೆನ್ನುಮೂಳೆಯ ಕೀಲುಗಳನ್ನು ಹಿಡಿಯೋ ಕಾಯಿಲೆಗಳಿಗೆ ಸ್ಪಾಂಡಿಲೋಆರ್ಥ್ರೋಪಥಿ ಅಂತ ಒಂದು ಗುಂಪಿತ್ತು. ಉರಿಯೂತವೇ ಅದರ ಜೀವಾಳ ಅನ್ನೋದನ್ನು ಎತ್ತಿ ಹೇಳೋಕೆ ಈಗ ಸ್ಪಾಂಡಿಲೋಆರ್ಥ್ರೈಟಿಸ್ ಅಂತಾರೆ. ಸೋರಿಯಾಸಿಸ್ ಅನ್ನೋ ಚರ್ಮದ ಕಾಯಿಲೆಯ ಜೊತೆ ಬರೋ ಸೋರಿಯಾಟಿಕ್ ಆರ್ಥ್ರೋಪಥಿಯೂ ಸೋರಿಯಾಟಿಕ್ ಆರ್ಥ್ರೈಟಿಸ್ ಆಯ್ತು. ಹಳೇ ಫೈಲಿನಲ್ಲಿ ‘ಪಥಿ’, ಹೊಸದರಲ್ಲಿ ‘ಐಟಿಸ್’ ಕಂಡರೆ ಕಾಯಿಲೆ ಬದಲಾಯ್ತು ಅಂದ್ಕೋಬೇಡಿ.

ಕತ್ತಿನ ಪಟ್ಟಿ
ಸ್ಪಾಂಡಿಲ ಅಂದ ಕೂಡಲೇ ಬಂದೆ. ಕುತ್ತಿಗೆ ಹಿಡ್ಕೊಂಡವರೆಲ್ಲ ‘ನಂಗೆ ಸ್ಪಾಂಡಿಲೈಟಿಸ್’ ಅಂತಾರಲ್ಲ, ಅದೂ ಇದೇ ಗುಂಪಾ? ನನಗೂ ಹಾಗೇ ಹೇಳಿದ್ದಾರೆ, ಕಾಗದದಲ್ಲಿ ಮಾತ್ರ ಸ್ಪಾಂಡಿಲೋಸಿಸ್ ಅಂತಿದೆ. ನನ್ನ ತಮ್ಮನಿಗೆ 28, ಅವನಿಗೂ ಬೆನ್ನು ಹಿಡಿಯುತ್ತೆ, ಬೆಳಿಗ್ಗೆ ಜಾಸ್ತಿ. ಅವನೂ ಸ್ಪಾಂಡಿಲೈಟಿಸ್ ಅಂತಾನೆ.

ಡಾಕ್ಟ್ರಮ್ಮ
ನಿಮ್ಮ ಕಾಗದ ಸರಿ ಇದೆ, ಬಾಯಿಮಾತು ಸಡಿಲ. ಸ್ಪಾಂಡಿಲೋಸಿಸ್ ಅಂದರೆ ಬೆನ್ನುಮೂಳೆಯ ಸವೆತ, ಎಂ47. ಕುತ್ತಿಗೆ ನೋವಿನ ಬಹುಪಾಲು ‘ಸ್ಪಾಂಡಿಲೈಟಿಸ್’ ಇದೇ. ಆಂಕಿಲೋಸಿಂಗ್ ಸ್ಪಾಂಡಿಲೈಟಿಸ್ ಬೇರೆ, ಎಂ45, ನಿಜವಾದ ಉರಿಯೂತ. ನಾನು ಹೇಳಿದ ಗುಂಪಿಗೆ ಸೇರೋದು ಅದು. ಎಚ್‌ಎಲ್‌ಎ-ಬಿ27 ಅನ್ನೋ ವಂಶವಾಹಿಗೂ ಅದಕ್ಕೂ ನಂಟಿದೆ ಅಂತ 1973ರಲ್ಲಿ ಗೊತ್ತಾಯ್ತು.

ತಮ್ಮನ ವಿಷಯ ಕೇಳಿ: ನೋವು ಮೂರು ತಿಂಗಳಿಗಿಂತ ಹೆಚ್ಚಾಯ್ತಾ? ಮಲಗಿದ್ದಾಗ ಜಾಸ್ತಿಯಾಗಿ, ಓಡಾಡಿದರೆ ಕಮ್ಮಿಯಾಗುತ್ತಾ? ರಾತ್ರಿಯ ಎರಡನೇ ಅರ್ಧದಲ್ಲಿ ಎಚ್ಚರ ಆಗುತ್ತಾ? ಕಣ್ಣು ಕೆಂಪಾಗಿ ನೋಯೋದು, ಸೋರಿಯಾಸಿಸ್, ಬಹಳ ದಿನದ ಭೇದಿ, ಹಿಮ್ಮಡಿ ನೋವು ಇವೇನಾದರೂ ಉಂಟಾ?

ಕತ್ತಿನ ಪಟ್ಟಿ
ಫೋನ್ ಮಾಡಿ ಕೇಳಿದೆ. ಒಂದೂವರೆ ವರ್ಷದಿಂದ ಇದೆಯಂತೆ. ಓಡಾಡಿದರೆ ಸಲೀಸಂತೆ, ನಸುಕಿನಲ್ಲಿ ಎದ್ದು ಕೂರ್ತಾನಂತೆ. ಹಿಮ್ಮಡಿ ನೋವು ಇತ್ತಂತೆ. ಕಣ್ಣಿಗೆ ಏನಿಲ್ಲ. ಯಾರೋ ‘ಎಸ್‌ಐ ಜಾಯಿಂಟ್ ಎಂಆರ್‌ಐ’ ಬರೆದುಕೊಟ್ಟಿದ್ರು, ಮಾಡಿಸಿಲ್ಲ. ಆ ಕೀಲು ಎಲ್ಲಿರುತ್ತೆ?

ಡಾಕ್ಟ್ರಮ್ಮ
ಬೆನ್ನುಮೂಳೆಯ ಬುಡದ ತ್ರಿಕಾಸ್ಥಿ ಸೊಂಟದ ಮೂಳೆಗೆ ಸೇರೋ ಜಾಗ, ಎರಡೂ ಪೃಷ್ಠದ ಮೇಲ್ಭಾಗದಲ್ಲಿ ಒಂದೊಂದು. ಆಂಕಿಲೋಸಿಂಗ್ ಸ್ಪಾಂಡಿಲೈಟಿಸ್ ಸಾಮಾನ್ಯವಾಗಿ ಅಲ್ಲೇ ಶುರುವಾಗೋದು, ಎಕ್ಸ್‌ರೇಯಲ್ಲಿ ಕಾಣೋಕೆ ವರ್ಷಗಳೇ ಹಿಡೀಬಹುದು, ಎಂಆರ್‌ಐಯಲ್ಲಿ ಬೇಗ ತಿಳಿಯುತ್ತೆ. ಬರೆದುಕೊಟ್ಟವರು ಸರಿಯಾಗೇ ಯೋಚಿಸಿದ್ದಾರೆ. ಅದನ್ನು ಮಾಡಿಸಿಕೊಂಡು ರುಮಟಾಲಜಿಸ್ಟ್ ಹತ್ತಿರ ಹೋಗೋಕೆ ಹೇಳಿ. ಅಲ್ಲಿ ಹೋಗಿ ‘ನಂಗೆ ಸ್ಪಾಂಡಿಲೈಟಿಸ್’ ಅನ್ನೋ ಬದಲು ಈಗ ನಿಮಗೆ ಫೋನಲ್ಲಿ ಹೇಳಿದ್ದನ್ನೇ ಹೇಳಲಿ.